ದೋಣಿಯಲ್ಲಿ ಉಳಿದ ಕಾರ್ಮಿನ್

ಕುವೈತಿನ ಹವಲ್ಲಿಯ ನಮ್ಮ ಫ್ಲ್ಯಾಟಿನಲ್ಲಿ ಊಟದ ಮೇಜು ಮಮ್ಮಿಯದು, ಇಸ್ತ್ರಿ ಮೇಜು ಸೆವ್ರಿನ್ ಮಾವ್ಶಿಯದು. ಮಾವ್ಶಿ ಎಂದರೆ ಮಮ್ಮಿಯ ಅಕ್ಕ. ಆಸ್ಪತ್ರೆಯಿಂದ ಬಂದು, ಸ್ನಾನ ಮುಗಿಸಿ, ಮರುದಿನದ ಬಿಳಿ ಯೂನಿಫಾರ್ಮಿಗೆ ಇಸ್ತ್ರಿ ಹಾಕಿ, ಆ ಮೇಜನ್ನು ಕುರ್ಚಿಯ ಎತ್ತರಕ್ಕೆ ಇಳಿಸಿಕೊಂಡು, ಇನ್ನೂ ಬೆಚ್ಚಗಿರುವ ಅದರ ಹೊದಿಕೆಯ ಮೇಲೆಯೇ ಕಾಗದ ಹರಡಿ ಅವಳು ಕಾದಂಬರಿ ಬರೆಯುತ್ತಿದ್ದಳು. ಅಡಿಯಲ್ಲಿ ಮೆತ್ತೆ ಇದ್ದುದರಿಂದ ಪೆನ್ನು ಕಾಗದವನ್ನು ತೂತು ಮಾಡುತ್ತಿತ್ತು. ಅದಕ್ಕಾಗಿ ಆಸ್ಪತ್ರೆಯಲ್ಲಿ ಬಿಸಾಡಲಿಟ್ಟಿದ್ದ ಒಂದು ಎಕ್ಸ್-ರೇ ಫಿಲ್ಮನ್ನು ತಂದು ಕೆಳಗಿಟ್ಟುಕೊಳ್ಳುತ್ತಿದ್ದಳು. ಯಾರದೋ ಮೊಣಕಾಲಿನ ಚಿತ್ರ ಅದು. ಊಟದ ಮೇಜಿನ ಮೇಲೆ ಬರೆಯಲು ಮಮ್ಮಿ ಬಿಡುತ್ತಿರಲಿಲ್ಲ. ಅಲ್ಲಿ ಅವಳಿಗೆ ತರಕಾರಿ ಹೆಚ್ಚಲಿಕ್ಕಿತ್ತು, ಹೊಲಿಗೆ ಯಂತ್ರ ಇಡಲಿಕ್ಕಿತ್ತು, ಅಕ್ಕಪಕ್ಕದ ಹೆಂಗಸರು ಕೊಟ್ಟುಹೋದ ರವಿಕೆ ಬಟ್ಟೆಗಳನ್ನು ಕತ್ತರಿಸಲಿಕ್ಕಿತ್ತು. ಒಂದೇ ಕೋಣೆಯ ಎರಡು ಮೂಲೆಗಳಲ್ಲಿ ಅಕ್ಕ ಬರೆಯುತ್ತಿದ್ದಳು, ತಂಗಿ ಹೊಲಿಯುತ್ತಿದ್ದಳು. ಯಂತ್ರದ ಸದ್ದು ಜೋರಾದರೆ ಮಾವ್ಶಿಯ ದನಿಯೂ ಜೋರಾಗುತ್ತಿತ್ತು.

ದನಿ ಎಂದೆ, ಯಾಕೆಂದರೆ ಮಾವ್ಶಿಗೆ ಪ್ರತಿ ವಾಕ್ಯವನ್ನೂ ಬಾಯಲ್ಲಿ ಆಡಿ ನೋಡದೆ ಬರೆದು ಗೊತ್ತಿರಲಿಲ್ಲ. ಹಾಗಾಗಿ ನಮ್ಮ ಮನೆಯಲ್ಲಿ ಇಲ್ಲದವರ ಮಾತೇ ಹೆಚ್ಚು. ಒಬ್ಬ ಪಾದ್ರಿ ಗದರಿಸುತ್ತಿದ್ದ, ಒಬ್ಬ ದೋಣಿಯವ ಚೌಕಾಸಿ ಮಾಡುತ್ತಿದ್ದ, ಒಬ್ಬಳು ಅತ್ತೆ ಸೊಸೆಯ ತವರನ್ನು ಬಯ್ಯುತ್ತಿದ್ದಳು, ಎಲ್ಲವೂ ಮಾವ್ಶಿಯ ಗಂಟಲಿನಿಂದ. ಅವಳು ಬರೆಯುತ್ತಿದ್ದುದು ಕೊಂಕಣಿಯಲ್ಲಿ, ಕನ್ನಡ ಅಕ್ಷರದಲ್ಲಿ. ಮಂಗಳೂರಿನ ಒಂದು ಕೊಂಕಣಿ ವಾರಪತ್ರಿಕೆಯಲ್ಲಿ ಅದು ಧಾರಾವಾಹಿಯಾಗಿ ಬರುತ್ತಿತ್ತು. ಬರೆದ ಅಧ್ಯಾಯವನ್ನು ಅಂಚೆಗೆ ಹಾಕಿ ಬಂದ ಮೇಲೆ ಅದು ಯಾರ ಕೈಗೆ ಹೋಯಿತು, ಯಾರು ನಕ್ಕರು, ಯಾರು ಅತ್ತರು ಎಂದು ಅವಳಿಗೆ ತಿಳಿಯುತ್ತಿರಲಿಲ್ಲ. ರಜೆಯಲ್ಲಿ ಊರಿಗೆ ಹೋದಾಗ ಇಗರ್ಜಿಯ ಅಂಗಳದಲ್ಲಿ ಯಾರಾದರೂ ಹೆಂಗಸರು ಬಂದು ಕೈ ಹಿಡಿದುಕೊಂಡರೆ ಅವರಷ್ಟೇ ಅವಳಿಗೆ ಸಿಗುತ್ತಿದ್ದ ಓದುಗರು. ಪತ್ರಿಕೆ ನಮ್ಮ ಮನೆಗೆ ವಾರಗಟ್ಟಲೆ ತಡವಾಗಿ ಬರುತ್ತಿತ್ತು. ಮಾವ್ಶಿ ತನ್ನ ಕಂತನ್ನು ಬಿಟ್ಟು ಮರಣದ ಜಾಹೀರಾತುಗಳನ್ನು ಓದುತ್ತಿದ್ದಳು. ಮಮ್ಮಿ ಅದನ್ನು ಮುಟ್ಟುತ್ತಲೇ ಇರಲಿಲ್ಲ. 'ನನಗೆ ಪುರುಸೊತ್ತಿಲ್ಲ' ಎನ್ನುತ್ತಿದ್ದಳು. ನಾವೂ ನಂಬಿದ್ದೆವು.

ಆ ಮನೆಯಲ್ಲಿ ನಾನೊಬ್ಬಳೇ ಮಗು. ಹತ್ತು ವರ್ಷವಿರಬಹುದು. ಕೊಂಕಣಿ ಪೂರ್ತಿ ಅರ್ಥವಾಗುತ್ತಿತ್ತು, ಆದರೆ ಬಾಯಿ ತೆರೆದರೆ ಬರುತ್ತಿದ್ದುದು ಶಾಲೆಯ ಇಂಗ್ಲಿಷ್. 'ಲೀನಾ, ಊಟ ಮಾಡು' ಎಂದರೆ 'ನಾಟ್ ಹಂಗ್ರಿ' ಎನ್ನುತ್ತಿದ್ದೆ. ಮಾವ್ಶಿ ಅದಕ್ಕೆ ಬಯ್ಯುತ್ತಿರಲಿಲ್ಲ, ಕೇಳಿಸದವಳಂತೆ ಇರುತ್ತಿದ್ದಳು. ಅದು ಬಯ್ಗುಳಕ್ಕಿಂತ ಕಷ್ಟವಾಗಿತ್ತು. ಕನ್ನಡವನ್ನು ಮಾತ್ರ ನಾನು ಮೇಲಿನ ಮಹಡಿಯ ನಾಗರತ್ನ ಆಂಟಿಯಿಂದ ಕಲಿತಿದ್ದೆ. ಅವರದು ಮೈಸೂರು. ಗಂಡ ಸತ್ಯನಾರಾಯಣ ಅಂಕಲ್ ಇಂಜಿನಿಯರು. ಮಕ್ಕಳಿರಲಿಲ್ಲ. ಶುಕ್ರವಾರ ಶುಕ್ರವಾರ ಆಂಟಿ ತಮ್ಮ ಹಾಲಿನಲ್ಲಿ ಚಾಪೆ ಹಾಸಿ ಮಕ್ಕಳಿಗೆ ಅಕ್ಷರ ಕಲಿಸುತ್ತಿದ್ದರು. ಪಾಠ ಮುಗಿದ ಮೇಲೆ ಕೊಡುತ್ತಿದ್ದ ಚಕ್ಕುಲಿಗಾಗಿ ನಾನು ತಪ್ಪದೆ ಹೋಗುತ್ತಿದ್ದೆ. ಪಪ್ಪಾ ಬೆಳಕು ಹರಿಯುವ ಮೊದಲೇ ಕಂಪನಿ ಬಸ್ಸಿನಲ್ಲಿ ಊರಾಚೆಯ ಮೀನಾ ಅಬ್ದುಲ್ಲಾಕ್ಕೆ ಹೋಗಿ, ಅಲ್ಲಿಯ ಒಂದು ಗುತ್ತಿಗೆ ಕಂಪನಿಯ ಆಫೀಸಿನಲ್ಲಿ ದಿನವೆಲ್ಲ ಟೈಪು ಮಾಡಿ, ಸಂಜೆ ಬರುತ್ತಿದ್ದರು. ಅವರಿಗೆ ವೀಸಾ ಮಾಡಿಸಿಕೊಟ್ಟವಳು ಮಾವ್ಶಿ. ಕುವೈತಿಗೆ ಮೊದಲು ಬಂದವಳೂ ಅವಳೇ. ಅದನ್ನು ಅವಳು ಒಮ್ಮೆಯೂ ಆಡಿ ತೋರಿಸಿದವಳಲ್ಲ. ಆದರೆ ಮೀನಿನ ದೊಡ್ಡ ತುಂಡು ಯಾವಾಗಲೂ ಅವಳ ಬಟ್ಟಲಿಗೇ ಹೋಗುತ್ತಿತ್ತು. ಅದನ್ನು ಹಾಕುತ್ತಿದ್ದವಳು ಮಮ್ಮಿ, ಹಾಕುವಾಗ ಮುಖ ಗಂಟಿಕ್ಕಿಕೊಳ್ಳುತ್ತಿದ್ದವಳೂ ಮಮ್ಮಿ.

1990ರ ಆಗಸ್ಟಿನ ಆ ಗುರುವಾರ ಪಪ್ಪಾ ಬಸ್ಸಿಗೆಂದು ಇಳಿದುಹೋದವರು ಸ್ವಲ್ಪ ಹೊತ್ತಿಗೇ ಮೆಟ್ಟಿಲೇರಿ ಬಂದರು. ಅವರ ಹಿಂದೆಯೇ ಕೆಳಗಿನ ಬಕಾಲಾದ, ಅಂದರೆ ದಿನಸಿ ಅಂಗಡಿಯ, ಹಮೀದ್ ಬಂದ. ಉಳ್ಳಾಲದ ಕಡೆಯವ, ಮನೆಮಾತು ಬ್ಯಾರಿ. ಎರಡು ಕೈಯಲ್ಲೂ ಅಕ್ಕಿಯ ಚೀಲ.

"ಇದು ಒಳಗೆ ಇಡಿ ಅಕ್ಕ. ಇರಾಕಿನವರು ಬಂದಿದ್ದಾರಂತೆ. ರಸ್ತೆಯಲ್ಲಿ ಟ್ಯಾಂಕು ಉಂಟು. ಅಂಗಡಿ ಖಲಾಸ್."

"ಯಾರು ಹೇಳಿದ್ದು?" ಎಂದು ಮಮ್ಮಿ ಕೇಳಿದಳು.

"ಹೇಳುದೆಂತ ಅಕ್ಕ, ನಾನೇ ನೋಡಿದೆ."

ಮಾವ್ಶಿ ಆಗಲೇ ಯೂನಿಫಾರ್ಮಿನಲ್ಲಿದ್ದಳು. ಒಂದು ಲೋಟ ನೀರು ಕುಡಿದು ಹೊರಟೇಬಿಟ್ಟಳು. ಮಮ್ಮಿ ಬಾಗಿಲಿಗೆ ಅಡ್ಡ ನಿಂತಳು, ಪಪ್ಪಾ ಅವಳನ್ನು ಪಕ್ಕಕ್ಕೆ ಸರಿಸಿದರು. ಸಂಜೆಗೆ ಮಾವ್ಶಿ ಆಂಬುಲೆನ್ಸಿನಲ್ಲಿ ವಾಪಸು ಬಂದಳು. ಮುಂದಿನ ವಾರಗಳಲ್ಲೂ ಅದೇ ಕ್ರಮ. ದಾರಿಯ ಸೈನಿಕರು ಬಿಳಿ ಬಟ್ಟೆ ನೋಡಿ ಬಿಡುತ್ತಿದ್ದರು. ಅಂಚೆ ನಿಂತಿತು, ಊರಿನ ಫೋನು ಸತ್ತಿತು, ಶಾಲೆ ತೆರೆಯಲಿಲ್ಲ. ಪಪ್ಪಾನ ಬಸ್ಸು ಮತ್ತೆ ಬರಲೇ ಇಲ್ಲ. ಅಡುಗೆ ಅನಿಲ ಉಳಿಸಬೇಕೆಂದು ಮೇಲಿನ ಮನೆಯವರೂ ನಾವೂ ಒಂದೇ ಅಡುಗೆ ಮಾಡುವುದೆಂದಾಯಿತು. ನಾಗರತ್ನ ಆಂಟಿ ತಮ್ಮ ಕುಕ್ಕರು, ತಮ್ಮ ಸೌಟು, ತಮ್ಮ ಬಟ್ಟಲುಗಳೊಂದಿಗೆ ಇಳಿದು ಬಂದರು. ಮೀನು ಮಾಂಸದ ಮನೆಯಲ್ಲಿ ಹೇಗೆ ಉಣ್ಣುವುದು ಎಂಬ ಸಂಕೋಚ ಅವರ ಮುಖದಲ್ಲಿತ್ತು. ಆದರೆ ಮೀನು ಬರುವ ದಾರಿಯೇ ಮುಚ್ಚಿತ್ತಲ್ಲ. ಗಂಜಿ, ಹುರುಳಿ ಚಟ್ನಿ, ಮಮ್ಮಿಯ ಭರಣಿಯ ಮಾವಿನ ಉಪ್ಪಿನಕಾಯಿ, ಒಂದೊಂದು ದಿನ ತೊವ್ವೆ. ಒಂದು ವಾರದಲ್ಲಿ ಆಂಟಿಯ ಸೌಟು ಯಾವುದು, ಮಮ್ಮಿಯದು ಯಾವುದು ಎಂದು ಇಬ್ಬರಿಗೂ ಮರೆತುಹೋಯಿತು. ಊಟವಾದ ಮೇಲೆ ಪಪ್ಪಾ, ಸತ್ಯನಾರಾಯಣ ಅಂಕಲ್ ರೇಡಿಯೋಕ್ಕೆ ಕಿವಿ ಹಚ್ಚಿ ಕೂರುತ್ತಿದ್ದರು. ಹಮೀದ್ ಬಾಗಿಲ ಬಳಿ ಚಪ್ಪಲಿಗಳ ಪಕ್ಕ ಕೂರುತ್ತಿದ್ದ, ಎಷ್ಟು ಕರೆದರೂ ಒಳಗೆ ಸೋಫಾಕ್ಕೆ ಬರುತ್ತಿರಲಿಲ್ಲ.

ಮಾವ್ಶಿಗೆ ರಜೆಯಿದ್ದ ಒಂದು ಮಧ್ಯಾಹ್ನ ಅವಳು ಎಂದಿನಂತೆ ಇಸ್ತ್ರಿ ಮೇಜಿನ ಮುಂದೆ ಕೂತಳು. ಅಂಚೆಯೇ ಇಲ್ಲದ ಊರಲ್ಲಿ ಇವಳು ಯಾರಿಗೆ ಬರೆಯುತ್ತಾಳೆ ಎಂದು ನಮಗೆಲ್ಲ ಆಶ್ಚರ್ಯ. ಬಾಯಲ್ಲಿ ವಾಕ್ಯ ಆಡಿ ನೋಡುತ್ತಿದ್ದವಳನ್ನು ನಾಗರತ್ನ ಆಂಟಿ ಸ್ವಲ್ಪ ಹೊತ್ತು ನೋಡಿ, ತಡೆಯಲಾರದೆ ಕೇಳಿದರು.

"ಏನ್ರೀ ಅದು, ಯಾರ ಜೊತೆ ಜಗಳ ಆಡ್ತಿದೀರಾ?"

"ದೋಣಿಯವನ ಹತ್ರ. ನನ್ನ ಕಾರ್ಮಿನ್ ಹೊಳೆ ದಾಟ್ಲಿಕ್ಕೆ ಉಂಟು. ಕಡೇ ಸಲ ಅಂಚೆಗೆ ಹಾಕಿದ ಅಧ್ಯಾಯದಲ್ಲಿ ಅವಳನ್ನು ದೋಣಿ ಹತ್ತಿಸಿ ಬಿಟ್ಟಿದ್ದೆ. ಊರಲ್ಲಿ ಓದುವವರು ಕಾಯ್ತಾ ಇರ್ತಾರೆ."

"ಹಾಗಾದ್ರೆ ನಮಗೇ ಓದಿ ಹೇಳ್ರೀ. ನಾವೂ ಕಾಯ್ತಾನೇ ಕೂತಿದೀವಲ್ಲ."

"ಕೊಂಕಣಿ ನಿಮಗೆ ಅರ್ಥ ಆಗುದಿಲ್ಲ."

"ಅಕ್ಷರ ನಮ್ದೇ ತಾನೇ? ಕೊಡಿ ಇಲ್ಲಿ."

ಆಂಟಿ ಕಾಗದ ಎತ್ತಿಕೊಂಡು, ಕನ್ನಡಕ ಏರಿಸಿ, ಶುಕ್ರವಾರದ ಪಾಠದ ದನಿಯಲ್ಲಿ ಸ್ಪಷ್ಟವಾಗಿ ಓದತೊಡಗಿದರು. ಒಂದಕ್ಷರ ತಪ್ಪಲಿಲ್ಲ, ಒಂದು ಮಾತೂ ಅವರಿಗೆ ಅರ್ಥವಾಗಲಿಲ್ಲ. ಬಯ್ಯುವ ಮಾತನ್ನು ಶ್ಲೋಕದ ಹಾಗೆ ರಾಗವಾಗಿ ಓದಿದರು, ಪ್ರಾರ್ಥನೆಯನ್ನು ರೇಷನ್ ಚೀಟಿಯ ಹಾಗೆ ಓದಿದರು. ಮೊದಲು ನಕ್ಕವನು ಬಾಗಿಲ ಬಳಿಯ ಹಮೀದ್. ಆಮೇಲೆ ಪಪ್ಪಾ. ಕೊನೆಗೆ ಮಾವ್ಶಿ ಇಸ್ತ್ರಿ ಮೇಜಿನ ಮೇಲೆ ತಲೆಯಿಟ್ಟು ನಕ್ಕಳು. ಟ್ಯಾಂಕುಗಳು ಬಂದ ಮೇಲೆ ಆ ಕೋಣೆಯಲ್ಲಿ ಎಲ್ಲರೂ ಒಟ್ಟಿಗೆ ನಕ್ಕದ್ದು ಅದೇ ಮೊದಲು.

ಅಲ್ಲಿಂದ ಅದು ರೂಢಿಯಾಯಿತು. ಮಾವ್ಶಿ ಹಳೆಯ ಸಂಚಿಕೆಗಳನ್ನು ತೆಗೆದು ಮೊದಲಿನಿಂದ ಕತೆ ಓದುವುದು, ಪಪ್ಪಾ ಕನ್ನಡದಲ್ಲಿ ಹೇಳುವುದು. ಕೆಲವೇ ದಿನಗಳಲ್ಲಿ ಪಪ್ಪಾ ಹಮೀದನೊಂದಿಗೆ ರೊಟ್ಟಿಯ ಸಾಲಿಗೂ ಊರಿಗೆ ಹೋಗುವ ದಾರಿ ವಿಚಾರಿಸಲಿಕ್ಕೂ ಅಲೆಯಬೇಕಾಯಿತು. ಆಗ ಮಾವ್ಶಿ ನನ್ನ ಕಡೆ ನೋಡಿದಳು.

"ಲೀನಾ, ನೀನು ಹೇಳು."

"ಐ ಕಾಂಟ್," ಎಂದೆ.

ಅವಳು ಕೇಳಿಸದವಳಂತೆ ಓದತೊಡಗಿದಳು. ಒಂದು ವಾಕ್ಯ ಓದಿ ನಿಲ್ಲಿಸಿದಳು. ಆಂಟಿ ನನ್ನ ಮುಖ ನೋಡುತ್ತಾ ಕೂತರು. ಯಾರೂ ಸಹಾಯಕ್ಕೆ ಬರಲಿಲ್ಲ. ಕೊನೆಗೆ ನಾನು ಹೇಳಿದೆ, ತೊದಲುತ್ತಾ, ಕೊಂಕಣಿಯಿಂದ ಕನ್ನಡಕ್ಕೆ. ಅದು ನನ್ನ ಜೀವನದ ಮೊದಲ ಅನುವಾದ. ಇವತ್ತು ನಾನು ಹೊಟ್ಟೆ ಹೊರೆಯುವುದು ಒಂದು ಭಾಷೆಯದನ್ನು ಇನ್ನೊಂದಕ್ಕೆ ದಾಟಿಸುವ ಕೆಲಸದಿಂದಲೇ. ಅದಕ್ಕೆ ನನಗೆ ಬೇರೆ ಶಾಲೆಯಿರಲಿಲ್ಲ. ಒಂದು ದಿನ 'ಕಾರ್ಮಿನಿಚ್ಯಾ ದೊಳ್ಯಾಂನಿ ದುಃಖಾಂ ಭರ್ಲಿಂ' ಎಂದು ಮಾವ್ಶಿ ಓದಿದಾಗ, 'ಕಾರ್ಮಿನ್ ಕಣ್ಣಲ್ಲಿ ದುಃಖ ತುಂಬಿತು' ಎಂದು ನಾನು ಹೇಳಿದೆ. 'ಆಹಾ, ಕಣ್ಣಲ್ಲಿ ದುಃಖ! ಎಷ್ಟು ಚೆನ್ನಾಗಿ ಬರೆದಿದೀರ್ರೀ' ಎಂದು ಆಂಟಿ ಕೊಂಡಾಡಿದರು. ಮಾವ್ಶಿ ಅಲ್ಲವೆಂದು ತಲೆಯಾಡಿಸಿದಳು. ಕೊಂಕಣಿಯಲ್ಲಿ ದುಃಖಾಂ ಎಂದರೆ ಬರೀ ಕಣ್ಣೀರು, ನೀರು ಅಷ್ಟೇ ಎಂದಳು. ಆಂಟಿಗೆ ತಾವು ಕೇಳಿದ್ದೇ ಇಷ್ಟವಾಗಿತ್ತು, ಬಿಟ್ಟುಕೊಡಲಿಲ್ಲ.

ಸತ್ಯನಾರಾಯಣ ಅಂಕಲ್ ಕತೆಯನ್ನು ರೇಡಿಯೋ ಪಕ್ಕದಿಂದಲೇ ಕೇಳುತ್ತಿದ್ದರು. ಅವರಿಗೆ ಒಂದೇ ಪ್ರಶ್ನೆ.

"ಇಷ್ಟು ಕಷ್ಟಪಟ್ಟು ಬರೀತೀರಾ ಸಿಸ್ಟರ್. ಅದನ್ನ ಕನ್ನಡದಲ್ಲೇ ಬರೆದಿದ್ರೆ ನಾಡೆಲ್ಲ ಓದ್ತಿತ್ತು. ಇದನ್ನ ಓದೋರು ಎಷ್ಟು ಜನ? ನಿಮ್ಮ ಲೀನಾನೇ ಇಂಗ್ಲಿಷ್ ಮಾತಾಡ್ತಾಳೆ. ನಾಳೆ ಯಾರು ಓದ್ತಾರೆ?"

ಮಾವ್ಶಿಗೆ ಸಿಟ್ಟು ಬಂದರೆ ಮೂಗಿನ ತುದಿ ಕೆಂಪಾಗುತ್ತಿತ್ತು, ಆಗಲೂ ಆಯಿತು. ಆದರೆ ಮೆಲ್ಲಗೇ ಹೇಳಿದಳು.

"ವಾರ್ಡಲ್ಲಿ ಇಡೀ ದಿನ ಅರಬಿ, ಹಿಂದಿ, ಇಂಗ್ಲಿಷ್ ಮಾತಾಡ್ತೇನೆ ಮಾರಾಯ್ರೆ. ಬೇಕಾದರೆ ಮಲಯಾಳವೂ ಬರ್ತದೆ. ಮನೆಗೆ ಬಂದು ಬೂಟು ಬಿಚ್ಚಿದ ಮೇಲೆ ಕಾಲಿಗೆ ಹೇಗಾಗ್ತದೆ? ಹಾಗೆ. ನಾಳೆ ಯಾರು ಓದ್ತಾರೆ ಅಂತ ನನಗೆ ಗೊತ್ತಿಲ್ಲ. ನಾಳೆ ನಾವೇ ಎಲ್ಲಿರ್ತೇವೆ ಅಂತ ಈಗ ನಿಮಗೆ ಗೊತ್ತುಂಟಾ?"

ಅಂಕಲ್ ರೇಡಿಯೋದ ಕಿವಿ ತಿರುಗಿಸಿದರು. ಮರುದಿನ ಮಾತ್ರ ಅವರು ತಮ್ಮ ಕುರ್ಚಿಯನ್ನು ಇಸ್ತ್ರಿ ಮೇಜಿನ ಹತ್ತಿರಕ್ಕೆ ಎಳೆದುಕೊಂಡದ್ದನ್ನು ನಾನು ಗಮನಿಸಿದೆ.

ಕತೆ ಹೀಗಿತ್ತು. ಕಾರ್ಮಿನ್ ಎಂಬ ಹುಡುಗಿ. ಅಪ್ಪನಿಲ್ಲ. ಅಕ್ಕ ಬೊಂಬಾಯಿಯಲ್ಲಿ ನರ್ಸಿಂಗ್ ಕಲಿಯುತ್ತಿದ್ದಾಳೆ. ಅವಳ ಓದು ನಿಲ್ಲಬಾರದೆಂದು ಕಾರ್ಮಿನ್ ಏಳನೇ ಕ್ಲಾಸಿಗೆ ಶಾಲೆ ಬಿಟ್ಟು ಮಂಗಳೂರಿನ ಜೆಪ್ಪಿನ ಹಂಚಿನ ಕಾರ್ಖಾನೆ ಸೇರುತ್ತಾಳೆ. ಹಸಿ ಹಂಚು ಹೊತ್ತು ಹೊತ್ತು ಅವಳ ತಲೆಕೂದಲು ಸವೆಯುತ್ತದೆ, ಕೈ ಒಡೆಯುತ್ತದೆ. ಅವಳ ಕಷ್ಟ ಯಾರಿಗೂ ಕಾಣುವುದಿಲ್ಲ. ಪ್ರತಿ ಅಧ್ಯಾಯದ ಕೊನೆಗೂ ಅವಳು ಅಳುತ್ತಾಳೆ. ನಾಗರತ್ನ ಆಂಟಿಯೂ ಅಳುತ್ತಿದ್ದರು. ಅಡುಗೆಮನೆಯಲ್ಲಿ ಮಮ್ಮಿ ಪಾತ್ರೆಗಳನ್ನು ಬೇಕಾದ್ದಕ್ಕಿಂತ ಜೋರಾಗಿ ತೊಳೆಯುತ್ತಿದ್ದಳು. ಅದೇಕೆಂದು ನನಗೆ ಆಗ ಹೊಳೆಯಲಿಲ್ಲ. ಮಮ್ಮಿ ಮದುವೆಗೆ ಮುಂಚೆ ಕೆಲಸಕ್ಕೆ ಹೋಗುತ್ತಿದ್ದಳು ಎಂದು ಗೊತ್ತಿತ್ತು, ಎಲ್ಲಿಗೆ ಎಂದು ನಾನು ಕೇಳಿರಲಿಲ್ಲ.

ಓದು ಹೊಳೆಯ ಅಧ್ಯಾಯಕ್ಕೆ ಬಂತು. ನೇತ್ರಾವತಿಗೆ ನೆರೆ. ಕೆಲಸ ಕಳೆದುಕೊಂಡ ಕಾರ್ಮಿನ್ ಆಚೆ ದಡದ ಮಾವನ ಮನೆಗೆ ಆಸರೆ ಕೇಳಲು ಹೊರಟಿದ್ದಾಳೆ. ನಡುಹೊಳೆಯಲ್ಲಿ ದೋಣಿ ವಾಲಿತು. ಮಾವ್ಶಿ ಕಾಗದ ಮಡಚಿದಳು.

"ಅಯ್ಯೋ, ಮುಂದೆ ಏನ್ರೀ?" ಎಂದರು ಆಂಟಿ.

"ಮುಂದೆ ಎಂತ? ಮುಳುಗ್ತಾಳೆ. ಬೊಂಬಾಯಿಯಲ್ಲಿ ಅಕ್ಕನಿಗೆ ತಂತಿ ಹೋಗ್ತದೆ."

ಅಡುಗೆಮನೆಯ ನಲ್ಲಿ ನಿಂತಿತು. ಮಮ್ಮಿ ಒದ್ದೆ ಕೈಯಲ್ಲೇ ಹೊರಗೆ ಬಂದಳು.

"ಮುಳುಗಿಸ್ತೀಯಾ? ನನ್ನನ್ನು?"

ಮಾವ್ಶಿ ತಲೆಯೆತ್ತಿದಳು. "ನಿನ್ನನ್ನಲ್ಲ ಲಿಲ್ಲಿ. ಇದು ಕತೆ. ನೀನು ಓದುವುದೇ ಇಲ್ಲ ಅಂತ..."

"ಎಲ್ಲ ಓದಿದ್ದೇನೆ. ಪೇಪರು ಬಂದ ದಿನವೇ ಬಚ್ಚಲಿಗೆ ಹೋಗಿ ಓದ್ತೇನೆ. ಏಳನೇ ಕ್ಲಾಸಿಗೆ ಬಿಟ್ಟವಳು ಯಾರು? ಜೆಪ್ಪಿಗೆ ಹೋದವಳು ಯಾರು? ಪ್ರತಿ ವಾರ ನನ್ನನ್ನು ಅಳಿಸ್ತೀ. ನಾನು ಯಾವಾಗ ಅಷ್ಟು ಅತ್ತದ್ದು? ನಿನಗೆ ಯಾರು ಹೇಳಿದ್ದು?"

ಪಪ್ಪಾ ಎದ್ದು ನಿಂತರು, ಮತ್ತೆ ಕೂತರು. ನಾಗರತ್ನ ಆಂಟಿಗೆ ಕೊಂಕಣಿ ಜಗಳ ಅರ್ಥವಾಗದೆ ನನ್ನ ತೋಳು ಹಿಡಿದು, 'ಏನಂತೆ, ಏನಂತೆ' ಎಂದರು. ನಾನು ಅನುವಾದಿಸಿದೆ. ಅದು ಮನೆಯ ಜಗಳ, ಹೊರಗಿನವರಿಗೆ ಹೇಳಬಾರದು ಎಂದು ನನಗೆ ತೋಚಲಿಲ್ಲ. ಬಹುಶಃ ಆ ಹೊತ್ತಿಗೆ ಅವರು ಹೊರಗಿನವರಾಗಿರಲಿಲ್ಲ.

"ನಿನ್ನ ಕೈ ಒಡೆದಿತ್ತು," ಎಂದಳು ಮಾವ್ಶಿ. "ರಜೆಗೆ ಬಂದಾಗ ನೋಡಿದ್ದೆ. ರಕ್ತ ಬರ್ತಿತ್ತು. ಬೊಂಬಾಯಿಯಲ್ಲಿ ಪ್ರತಿ ಊಟಕ್ಕೆ ಕೂತಾಗ ಆ ಕೈ ನನ್ನ ಕಣ್ಣೆದುರು ಬರ್ತಿತ್ತು."

"ಒಡೆದಿತ್ತು. ಹೌದು. ಕೈ ಒಂದೇ ಒಡೆದದ್ದು, ಬೇರೆ ಎಂತದೂ ಒಡೆದಿರಲಿಲ್ಲ. ನನಗೆ ಆ ಕಾರ್ಖಾನೆ ಇಷ್ಟ ಇತ್ತು. ಮನೆಯಲ್ಲಿ ಅಮ್ಮ ಇಡೀ ದಿನ ನಿನ್ನ ಹೆಸರು ಜಪ ಮಾಡ್ತಿದ್ಳು. ಅಲ್ಲಿ ನನ್ನನ್ನು ನನ್ನ ಹೆಸರು ಹಿಡಿದು ಕರೀತಿದ್ರು. ನೆರೆಯ ದಿನ ನಾನು ಹೊಳೆ ದಾಟಿದ್ದು ಉಂಟು. ಎಂತಕ್ಕೆ ಗೊತ್ತುಂಟಾ? ಆಸರೆ ಕೇಳ್ಲಿಕ್ಕಲ್ಲ. ಆಚೆ ದಡದಲ್ಲಿ ಸೀತುವಿನ ಮದುವೆ. ನಾವು ಹಂಚಿನ ಹುಡುಗಿಯರೆಲ್ಲ ಒಂದೇ ದೋಣಿಯಲ್ಲಿ. ನೀರು ಒಳಗೆ ಬಂತು. ಬುತ್ತಿ ಡಬ್ಬಿಯಲ್ಲಿ ತೋಡಿ ತೋಡಿ ಬಿಸಾಡಿದೆವು. ದೋಣಿಯವ 'ನಗಬೇಡಿ, ದೋಣಿ ಅಲ್ಲಾಡ್ತದೆ' ಅಂತ ಬೊಬ್ಬೆ ಹೊಡೆದ. ಅವನು ಬೊಬ್ಬೆ ಹೊಡೆದಷ್ಟು ನಮಗೆ ನಗು. ಅದನ್ನು ಬರಿ. ಬರೀಲಿಕ್ಕೆ ಬರ್ತದಾ ನಿನಗೆ?"

ಮಮ್ಮಿ ಒಳಗೆ ಹೋಗಿ ಮತ್ತೆ ನಲ್ಲಿ ತಿರುಗಿಸಿದಳು. ನಾನು ಹೇಳಿ ಮುಗಿಸಿದಾಗ ಆಂಟಿ ಮಾವ್ಶಿಯ ಕಡೆ ತಿರುಗಿ, 'ಅವರನ್ನ ಮುಳುಗಿಸಬೇಡಿ ಕಣ್ರೀ' ಎಂದರು. ಆ ದಿನ ಅಕ್ಕತಂಗಿಯರು ಒಬ್ಬರ ಮುಖ ಒಬ್ಬರು ನೋಡದೆ ಉಂಡರು. ಮರುದಿನ ಸಂಜೆ ಮಾವ್ಶಿ ಕಾಗದ ಪೆನ್ನು ಹಿಡಿದು ಅಡುಗೆಮನೆಯ ಹೊಸ್ತಿಲಲ್ಲಿ, ನೆಲದ ಮೇಲೆ, ಕೂತಳು. "ಸೀತು ಯಾರು?" ಎಂದು ಕೇಳಿದಳು. ಮಮ್ಮಿ ಅಕ್ಕಿ ಆರಿಸುತ್ತಿದ್ದಳು. ಮೊರ ನೋಡುತ್ತಲೇ, ಸೀತು ಯಾರು ಎಂದು ಹೇಳತೊಡಗಿದಳು. ಹಸಿ ಹಂಚಿನ ತಂಪು ವಾಸನೆ, ಗೂಡಿನ ಬಿಸಿ, ಮೇಸ್ತ್ರಿಗೆ ಇಟ್ಟ ಅಡ್ಡಹೆಸರು, ಮೊದಲ ಸಂಬಳದಲ್ಲಿ ಕೊಂಡ ಹೂವಿನ ಚಿತ್ರದ ಛತ್ರಿ. ಮುಂದಿನ ದಿನಗಳಲ್ಲಿ ಕತೆ ಹೀಗೆಯೇ ಬೆಳೆಯಿತು. ಮಮ್ಮಿ ಹೇಳುತ್ತಿದ್ದಳು, ಮಾವ್ಶಿ ಬರೆಯುತ್ತಿದ್ದಳು, ನಾನು ಕನ್ನಡಕ್ಕೆ ಮಾಡುತ್ತಿದ್ದೆ, ಹಮೀದ್ ತನಗೆ ಗೊತ್ತಿದ್ದ ಉಳ್ಳಾಲದ ದಂಡೆಯ ವಿವರ ಸೇರಿಸುತ್ತಿದ್ದ. ನನ್ನ ತಾಯಿ ನಗಬಲ್ಲಳು, ನಗಿಸಬಲ್ಲಳು ಎಂದು ನನಗೆ ತಿಳಿದದ್ದು ಆ ಸೆಪ್ಟೆಂಬರಿನಲ್ಲಿ. ನನಗೇ ತಿಳಿಯದೆ ನಾನು ಅವಳಿಗೆ ಕೊಂಕಣಿಯಲ್ಲಿ ಪ್ರಶ್ನೆ ಕೇಳತೊಡಗಿದ್ದೆ. ಇಂಗ್ಲಿಷಿನಲ್ಲಿ ಕೇಳಿದರೆ ಅವಳ ಉತ್ತರ ಗಿಡ್ಡವಾಗುತ್ತಿತ್ತು.

ಕೊನೆಗೆ ಪಪ್ಪಾ ಬಸ್ಸು ಗೊತ್ತುಮಾಡಿ ಬಂದರು. ಬಸ್ರಾ, ಬಾಗ್ದಾದ್, ಅಲ್ಲಿಂದ ಮರುಭೂಮಿ ದಾಟಿ ಜೋರ್ಡಾನ್. ಅಮ್ಮಾನಿನಿಂದ ನಮ್ಮ ವಿಮಾನಗಳು ಬೊಂಬಾಯಿಗೆ ಕರೆದೊಯ್ಯುತ್ತಿದ್ದವು. ಮೇಲಿನ ಮನೆಯವರೂ ಹಮೀದನೂ ಜೊತೆಗೆ. ಮಾವ್ಶಿ ಮಾತ್ರ ಬರುವುದಿಲ್ಲ ಎಂದಳು. ಅವಳದು ಮೂಳೆ ಮುರಿದವರ ವಾರ್ಡು, ಎದ್ದು ನಡೆಯಲಾರದ ಮುದುಕಿಯರೇ ಹೆಚ್ಚು. ಜೊತೆಯ ನರ್ಸುಗಳಲ್ಲಿ ಮುಕ್ಕಾಲು ಜನ ಹೊರಟುಹೋಗಿದ್ದರು.

"ನೀನು ಇಲ್ಲಿದ್ರೆ ನಾನೂ ಹೋಗುದಿಲ್ಲ," ಎಂದಳು ಮಮ್ಮಿ.

"ಲೀನಾಗೆ ಶಾಲೆ ಬೇಡ್ವಾ? ಹೋಗು."

"ಒಬ್ಬಳೇ ಇಲ್ಲಿ ಎಷ್ಟು ಕಷ್ಟಪಡ್ತೀ, ಅಕ್ಕಾ..."

"ಕಷ್ಟ ಅಂತ ನಿನಗೆ ಯಾರು ಹೇಳಿದ್ದು?" ಮಾವ್ಶಿ ತಂಗಿಯ ಸೀರೆಗಳನ್ನು ಪೆಟ್ಟಿಗೆಗೆ ಮಡಚಿಡುತ್ತಿದ್ದಳು. "ನನಗೆ ಆ ಕೆಲಸ ಇಷ್ಟ. ನಿನಗೆ ಹಂಚಿನ ಕಾರ್ಖಾನೆ ಇಷ್ಟ ಇದ್ದ ಹಾಗೆ. ನೀನೀಗ ನನ್ನನ್ನು ಮುಳುಗಿಸಬೇಡ."

ಮಮ್ಮಿ ಉಳಿದ ಸೀರೆಗಳನ್ನು ತಂದು ಅವಳ ಕೈಗೆ ಕೊಟ್ಟಳು. ಬರೆದ ಕಾಗದಗಳನ್ನು ಒಯ್ಯುವಂತಿರಲಿಲ್ಲ. ತಪಾಸಣೆಯಲ್ಲಿ ಗೊತ್ತಿಲ್ಲದ ಲಿಪಿಯ ಕೈಬರಹ ಕಂಡರೆ ಸೈನಿಕರು ಬಸ್ಸಿನಿಂದ ಇಳಿಸಿಕೊಳ್ಳುತ್ತಾರೆ ಎಂಬ ಸುದ್ದಿಯಿತ್ತು. ಅವು ಮಾವ್ಶಿಯ ಹತ್ತಿರವೇ ಉಳಿದವು. ಬಸ್ಸು ಹತ್ತುವ ಬೆಳಿಗ್ಗೆ ಅವಳು ಯೂನಿಫಾರ್ಮಿನಲ್ಲಿ ಬಂದು, ನಮ್ಮೆಲ್ಲರನ್ನೂ ಒಬ್ಬೊಬ್ಬರನ್ನಾಗಿ ತಬ್ಬಿ, ಕೆಲಸಕ್ಕೆ ತಡವಾಗುತ್ತದೆ ಎಂದು ಹೊರಟುಹೋದಳು. ಬಸ್ಸು ಹೊರಡುವವರೆಗೂ ನಿಲ್ಲಲಿಲ್ಲ. ದಾರಿಯ ಬಗ್ಗೆ ನನಗೆ ನೆನಪಿರುವುದು ಕಡಿಮೆ. ಡೇರೆಗಳ ಸಾಲು, ಹಲ್ಲಿನಲ್ಲಿ ಕರಕರ ಎನ್ನುವ ಮರಳು, ನಾಗರತ್ನ ಆಂಟಿ ತಮ್ಮ ಬಾಟಲಿಯ ಕೊನೆಯ ನೀರನ್ನು ಮುಚ್ಚಳದಲ್ಲಿ ಹನಿಹನಿಯಾಗಿ ಎಲ್ಲರಿಗೂ ಹಂಚಿದ್ದು. ಬೊಂಬಾಯಿಯಲ್ಲಿ ಅವರು ಮೈಸೂರಿನ ದಾರಿ ಹಿಡಿದರು. ಮತ್ತೆ ಕುವೈತಿಗೆ ಬರಲಿಲ್ಲ.

ಮಂಗಳೂರಿನಲ್ಲಿ ಹಮೀದ್ ಉಳ್ಳಾಲದ ತನ್ನ ಮನೆಗೆ ಹೋದ, ನಾವು ಮಮ್ಮಿಯ ತಮ್ಮನ, ಅಂದರೆ ನನ್ನ ಮಾಮನ, ಮನೆಯಲ್ಲಿ ಉಳಿದೆವು. ವಾರಪತ್ರಿಕೆಯಲ್ಲಿ ಕಾರ್ಮಿನಳ ಜಾಗದಲ್ಲಿ ಪ್ರತಿ ವಾರ ಒಂದು ಚೌಕಟ್ಟು ಬರುತ್ತಿತ್ತು, ಲೇಖಕಿಗಾಗಿ ಪ್ರಾರ್ಥಿಸಿ ಎಂದು. ಒಂದು ಬೆಳಿಗ್ಗೆ ಮಮ್ಮಿ ಒಳ್ಳೆಯ ಸೀರೆಯುಟ್ಟು ನನ್ನನ್ನು ಕರೆದುಕೊಂಡು ಸಂಪಾದಕರ ಬಳಿ ಹೋದಳು. ಬೆವರೊರೆಸಿಕೊಂಡು ಹೇಳಿದಳು.

"ನಾನು ಸೆವ್ರಿನ್‌ನ ತಂಗಿ. ಮುಂದಿನದು ನನಗೆ ಗೊತ್ತುಂಟು. ಬರೆದು ಕೊಡಲಾ?"

ಅವರು ಅವಳ ಓದು ಎಷ್ಟು ಎಂದು ಕೇಳಲಿಲ್ಲ. ಬರೆಯಿರಿ, ನೋಡುವ ಎಂದರು. ಮಾಮನ ಮನೆಯ ಊಟದ ಮೇಜಿನ ಮೇಲೆ ಮಮ್ಮಿ ಬರೆದಳು. ಅಕ್ಷರ ತಪ್ಪುಗಳನ್ನು ಪಪ್ಪಾ ತಿದ್ದಿದರು. ಕಾರ್ಮಿನ್ ಮುಳುಗಲಿಲ್ಲ. ಅವಳ ದೋಣಿ ನಗುವಿನಿಂದ ಅಲ್ಲಾಡುತ್ತಾ ದಡ ಸೇರಿತು, ಸೀತುವಿನ ಮದುವೆಯಾಯಿತು, ಮೇಸ್ತ್ರಿ ಪೇಚಿಗೆ ಸಿಕ್ಕಿದ. ಕ್ರಿಸ್ಮಸ್ ಕಳೆದು ಯುದ್ಧ ಶುರುವಾಯಿತು. ರೇಡಿಯೋದಲ್ಲಿ ಕುವೈತಿನ ಹೆಸರು ಬಂದಾಗಲೆಲ್ಲ ಮಾಮ ಅದನ್ನು ಸಣ್ಣ ಮಾಡುತ್ತಿದ್ದರು, ಮಮ್ಮಿ ದೊಡ್ಡದು ಮಾಡುತ್ತಿದ್ದಳು. ಮಾವ್ಶಿಯ ಸುದ್ದಿಯೇ ಇರಲಿಲ್ಲ. ಕೊನೆಯ ಕಂತು ಅಚ್ಚಾದಾಗ ಅದನ್ನು ಯಾರ ಹೆಸರಲ್ಲಿ ಮುದ್ರಿಸಿದ್ದರೋ ಅವಳು ಬದುಕಿದ್ದಾಳೋ ಇಲ್ಲವೋ ನಮಗೆ ತಿಳಿದಿರಲಿಲ್ಲ. ಯುದ್ಧ ಮುಗಿದು ಕೆಲವು ವಾರಗಳ ಮೇಲೆ, ಊರಿಗೆ ಮರಳಿದ ಒಬ್ಬಳು ಮಲಯಾಳಿ ನರ್ಸು ಕೇರಳದಿಂದ ಫೋನು ಮಾಡಿ, ಸಿಸ್ಟರ್ ಕ್ಷೇಮ, ತುಂಬಾ ಸಪೂರ ಆಗಿದ್ದಾರೆ ಎಂದಳು. ಮಮ್ಮಿ ರಿಸೀವರ್ ಕೆಳಗಿಟ್ಟು, ಗೋಡೆಯ ಕಡೆ ತಿರುಗಿ ನಿಂತುಕೊಂಡಳು.

ಆ ವರ್ಷವೇ ಪಪ್ಪಾ ಮೊದಲು ಕುವೈತಿಗೆ ಹೋದರು. ಪತ್ರಿಕೆಗಳ ಕಟ್ಟನ್ನು ಅವರ ಕೈಯಲ್ಲಿ ಕಳಿಸಲು ಮಮ್ಮಿ ಒಪ್ಪಲಿಲ್ಲ. ಪತ್ರಗಳಲ್ಲೂ ಆ ಸುದ್ದಿ ಎತ್ತಲಿಲ್ಲ, ಪಪ್ಪಾನ ಬಾಯನ್ನೂ ಕಟ್ಟಿಹಾಕಿದಳು. ಕೆಲವು ತಿಂಗಳ ಮೇಲೆ ನಾವಿಬ್ಬರೂ ಇಳಿದಾಗ ಎಣ್ಣೆ ಬಾವಿಗಳ ಬೆಂಕಿ ಇನ್ನೂ ಪೂರ್ತಿ ಆರಿರಲಿಲ್ಲ. ಮಧ್ಯಾಹ್ನವೇ ಮನೆಯಲ್ಲಿ ದೀಪ ಹಾಕಿಕೊಳ್ಳಬೇಕಿತ್ತು. ಒಣಗಲು ಹಾಕಿದ ಬಟ್ಟೆಯ ಮೇಲೆ ಮಸಿ ಕೂರುತ್ತಿತ್ತು. ಮಾವ್ಶಿ ಬಾಗಿಲು ತೆಗೆದಳು. ಕೂದಲು ಬೆಳ್ಳಗಾಗಿತ್ತು, ಯೂನಿಫಾರ್ಮು ದೊಗಲೆಯಾಗಿ ನೇತಾಡುತ್ತಿತ್ತು. ನಾನು ಕೊಂಕಣಿಯಲ್ಲಿ 'ಹೇಗಿದ್ದೀ ಮಾವ್ಶಿ' ಎಂದೆ. ಅವಳು ಕೂಡಲೇ ಉತ್ತರ ಕೊಟ್ಟಳು. ಬರೆದಿಟ್ಟ ಕಾಗದಗಳೆಲ್ಲಿ ಎಂದು ಮಮ್ಮಿ ಕೇಳಿದಳು. ಚಳಿಗಾಲದಲ್ಲಿ ಅನಿಲ ಮುಗಿದಾಗ ಚಹಾಕ್ಕೆ ಉರಿಸಿದೆ ಎಂದು ಅವಳು ಸಾಮಾನ್ಯ ದನಿಯಲ್ಲೇ ಹೇಳಿದಳು.

ಆಗ ಮಮ್ಮಿ ಕಟ್ಟು ಬಿಚ್ಚಿ ಮೇಜಿನ ಮೇಲಿಟ್ಟಳು.

ಮಾವ್ಶಿ ನಿಂತುಕೊಂಡೇ ಮೊದಲ ಕಂತು ಓದಿದಳು, ಆಮೇಲೆ ಕೂತಳು. ನಾವು ಪೆಟ್ಟಿಗೆ ಬಿಚ್ಚಿದೆವು, ಮಮ್ಮಿ ಅನ್ನಕ್ಕಿಟ್ಟಳು, ಮಾವ್ಶಿ ಓದುತ್ತಲೇ ಇದ್ದಳು. ದೋಣಿಯ ಅಧ್ಯಾಯದಲ್ಲಿ ಜೋರಾಗಿ ನಕ್ಕಳು. ಕೊನೆಯ ಕಂತನ್ನು ಎರಡು ಸಲ ಓದಿದಳು. ಅದರಲ್ಲಿ ಬೊಂಬಾಯಿಯಿಂದ ಅಕ್ಕ ಬರುತ್ತಾಳೆ. ಹೊಳೆಯ ದಡದಲ್ಲಿ ಕೂತು, ಕಾರ್ಮಿನಳ ದೋಣಿ ಬರುವುದನ್ನು ನೋಡುತ್ತಾ ಬಿಕ್ಕಿ ಬಿಕ್ಕಿ ಅಳುತ್ತಾಳೆ. ಮಾವ್ಶಿ ಆ ಪುಟವನ್ನು ಮಮ್ಮಿಯ ಮುಂದೆ ಹಿಡಿದಳು.

"ಇದೆಂತ ಲಿಲ್ಲಿ? ನಾನು ಯಾವಾಗ ಹೀಗೆ ಅತ್ತದ್ದು?"

ಅವಳ ಕೆನ್ನೆ ಪೂರ್ತಿ ಒದ್ದೆಯಾಗಿತ್ತು. ಅವಳಿಗೆ ಅದು ಗೊತ್ತಿದ್ದಂತೆ ಕಾಣಲಿಲ್ಲ.

"ಅಳುವುದಿಲ್ಲ ಅಲ್ವಾ ನೀನು," ಎಂದಳು ಮಮ್ಮಿ. "ಸರಿ. ಹೋಗಿ ಮುಖ ತೊಳೆದು ಬಾ. ಊಟ ಮಾಡುವ."